ಬೀಸುಕಲ್ಲಿನ ಹಾಡು, ಬಿಷಪ್ಪರ ಸಭೆ

ಆಳಂದ ತಾಲ್ಲೂಕಿನ ಹಿರೋಳ್ಳಿ ಕರ್ನಾಟಕದ ಅಂಚಿನ ಊರು. ಅದನ್ನು ದಾಟಿ ಮುಂದೆ ಹೋದರೆ ಮಹಾರಾಷ್ಟ್ರದ ಅಕ್ಕಲಕೋಟ ಸೀಮೆ. ಈ ಗಡಿಯ ಹಳ್ಳಿಗಳಿಗೆ ಹಿಟ್ಟಿನ ಗಿರಣಿ ಬರುವ ಮೊದಲು, ಬೆಳ್ಳಿ ಮೂಡುವ ಹೊತ್ತಿಗೆ ಹೆಣ್ಣುಮಕ್ಕಳು ಜೋಳ ಬೀಸಲು ಕೂಡುತ್ತಿದ್ದರು. ಬೀಸುಕಲ್ಲಿನ ಗೂಟ ತಿರುಗಿದಂತೆ ಹಾಡೂ ತಿರುಗುತ್ತಿತ್ತು. ತವರಿನ ನೆನಪು, ಅತ್ತೆಮನೆಯ ಸಂಕಟ, ಶರಣರ ಸುದ್ದಿ, ದೇವರ ಸುದ್ದಿ ಎಲ್ಲವೂ ಅದರಲ್ಲಿ ಬರುತ್ತಿದ್ದವು. ರಾಶಿಯ ಕಾಲಕ್ಕೆ ಕಣದಲ್ಲಿ ಹಂತಿಯ ಪದ ಕೇಳುತ್ತಿತ್ತು. ಅಕ್ಷರ ಕಲಿಯದವರ ಬಾಯಲ್ಲಿ ತತ್ವ ಉಳಿದದ್ದು ಹೀಗೆ, ದುಡಿಮೆಯ ಧಾಟಿಗೆ ಒಗ್ಗಿಕೊಂಡು.

ಸುಮಾರು 1700 ವರ್ಷಗಳ ಹಿಂದೆ ಈಜಿಪ್ಟಿನ ಅಲೆಕ್ಸಾಂಡ್ರಿಯಾದಲ್ಲಿ ಅರಿಯಸ್ ಎಂಬ ಪಾದ್ರಿ ಇದೇ ದಾರಿ ಹಿಡಿದ. ಬೀಸುವವರಿಗೆಂದು, ಹಡಗಿನವರಿಗೆಂದು, ದಾರಿ ನಡೆಯುವವರಿಗೆಂದು ಬೇರೆ ಬೇರೆ ಧಾಟಿಯಲ್ಲಿ ಅವನು ಹಾಡು ಕಟ್ಟಿದನೆಂದು ಚರಿತ್ರೆಕಾರ ಫಿಲೊಸ್ಟೋರ್ಗಿಯಸ್ ಬರೆದಿಟ್ಟಿದ್ದಾನೆ. ಆ ಹಾಡುಗಳ ವಿಷಯ ಮಳೆಯಲ್ಲ, ಬೆಳೆಯಲ್ಲ. ತಂದೆಯಾದ ದೇವರಿಗೂ ಅವನ ಮಗ ಎನಿಸಿಕೊಂಡ ಕ್ರಿಸ್ತನಿಗೂ ಇರುವ ಸಂಬಂಧ ಎಂಥದು ಎಂಬುದು ವಿಷಯ. ಆ ಒಂದು ಪ್ರಶ್ನೆ ರೋಮನ್ ಸಾಮ್ರಾಜ್ಯವನ್ನು ಅರವತ್ತು ವರ್ಷಕ್ಕೂ ಹೆಚ್ಚು ಕಾಲ ಕಲಕಿತು.

ಅರಿಯಸ್‌ನ ವಾದ ಯಾವ ಮನೆಯಲ್ಲೂ ಅರ್ಥವಾಗುವಂಥದು. ತಂದೆ ಮಗನನ್ನು ಪಡೆದ ಎಂದಮೇಲೆ, ಪಡೆಯುವುದಕ್ಕೆ ಮುಂಚೆ ತಂದೆ ಇರಲೇಬೇಕಲ್ಲ? ಹಾಗಿದ್ದರೆ ಮಗನಿಲ್ಲದ ಒಂದು ಸ್ಥಿತಿ ಇತ್ತು ಎಂದೇ ಆಯಿತು. ಆರಂಭವಿಲ್ಲದವನು ತಂದೆ ಒಬ್ಬನೇ; ಮಗ ಎಷ್ಟೇ ದೊಡ್ಡವನಾದರೂ, ಲೋಕವೆಲ್ಲ ಅವನ ಮೂಲಕವೇ ಆಗಿದ್ದರೂ, ಅವನೂ ಉಂಟುಮಾಡಲ್ಪಟ್ಟವನೇ. ಹೀಗೆ ಹೇಳುವುದರಲ್ಲಿ ಅರಿಯಸ್‌ಗೆ ಕ್ರಿಸ್ತನನ್ನು ಇಳಿಸುವ ಉದ್ದೇಶ ಇರಲಿಲ್ಲ. ದೇವರು ಒಬ್ಬನೇ ಎಂಬ ಮಾತಿಗೆ ಎಲ್ಲಿ ಧಕ್ಕೆ ಬರುವುದೋ ಎಂಬ ಭಯ ಅವನದು. ಆ ಭಯವನ್ನು ಗೌರವಿಸದೆ ಈ ಚರಿತ್ರೆಯನ್ನು ಓದಿದರೆ ಅರ್ಧವೂ ತಿಳಿಯುವುದಿಲ್ಲ.

ಅವನ ಬಿಷಪ್ ಅಲೆಕ್ಸಾಂಡರ್ ಒಪ್ಪಲಿಲ್ಲ. ತಂದೆ ಯಾವಾಗಲೂ ತಂದೆಯೇ. ಮಗನಿಲ್ಲದೆ ತಂದೆ ಎಂಬ ಹೆಸರೇ ನಿಲ್ಲುವುದಿಲ್ಲ. ಸೂರ್ಯ ಇದ್ದಾಗಲೇ ಬೆಳಕೂ ಇದೆ, ಸೂರ್ಯ ಮೊದಲು ಬಂದು ಬೆಳಕು ಆಮೇಲೆ ಬರಲಿಲ್ಲ. ಅಲೆಕ್ಸಾಂಡರನ ಕಡೆಯವರಿಗೆ ಇನ್ನೊಂದು ಚಿಂತೆ ಇತ್ತು: ಕ್ರಿಸ್ತನನ್ನು ದಿನವೂ ಪೂಜಿಸುತ್ತೇವೆ, ಅವನ ಹೆಸರಿನಲ್ಲಿ ಸ್ನಾನದೀಕ್ಷೆ ಕೊಡುತ್ತೇವೆ, ಅವನು ಸೃಷ್ಟಿಯ ಒಂದು ಭಾಗವಾದರೆ ಸೃಷ್ಟಿಯನ್ನೇ ಪೂಜಿಸಿದಂತಾಗುವುದಿಲ್ಲವೇ? 318ರ ಸುಮಾರಿಗೆ ಶುರುವಾದ ಈ ವಾದ ಅರಿಯಸ್‌ನನ್ನು ಸಭೆಯಿಂದ ಹೊರಗೆ ಹಾಕುವಲ್ಲಿಗೆ ಮುಟ್ಟಿತು. ಅವನು ಸುಮ್ಮನಾಗಲಿಲ್ಲ. ಪ್ಯಾಲೆಸ್ಟೈನಿನಲ್ಲಿ, ಏಷ್ಯಾ ಮೈನರಿನಲ್ಲಿ ಅವನ ಮಾತಿಗೆ ತಲೆದೂಗುವ ಬಿಷಪ್ಪರು ಸಿಕ್ಕರು.

ಜಗಳದ ಬೇರು ಇನ್ನೂ ಹಿಂದಕ್ಕೆ ಹೋಗುತ್ತದೆ. ಮೂರನೆಯ ಶತಮಾನದ ಮೊದಲ ಭಾಗದಲ್ಲಿ ಸಬೆಲ್ಲಿಯಸ್ ಎಂಬವನ ಹೆಸರಿಗೆ ಅಂಟಿಕೊಂಡ ಒಂದು ಮತ ರೋಮಿನಲ್ಲಿ ಹಬ್ಬಿತ್ತು. ದೇವರು ಒಬ್ಬನೇ, ಕಾಲಕ್ಕೆ ತಕ್ಕಂತೆ ಒಮ್ಮೆ ತಂದೆಯಾಗಿ, ಒಮ್ಮೆ ಮಗನಾಗಿ, ಒಮ್ಮೆ ಪವಿತ್ರಾತ್ಮನಾಗಿ ಕಾಣಿಸಿಕೊಳ್ಳುತ್ತಾನೆ ಎಂಬುದು ಅದರ ಸಾರ. ದೊಡ್ಡಾಟ ನೋಡಿದವರಿಗೆ ಇದು ಬೇಗ ಹೊಳೆಯುತ್ತದೆ. ಒಬ್ಬನೇ ಕಲಾವಿದ ಮೊದಲು ಒಂದು ವೇಷ ಕಟ್ಟಿ, ಬೆಳಗಿನ ಜಾವಕ್ಕೆ ಇನ್ನೊಂದು ವೇಷದಲ್ಲಿ ಬರುತ್ತಾನೆ. ಪಾತ್ರ ಎರಡು, ಆಳು ಒಬ್ಬನೇ. ಹೋಲಿಕೆ ಹೊರಗಿನಿಂದ ತಂದದ್ದೇನೂ ಅಲ್ಲ. ಗ್ರೀಕಿನ ‘ಪ್ರೊಸೋಪೊನ್’, ಲ್ಯಾಟಿನ್ನಿನ ‘ಪೆರ್ಸೋನಾ’ ಎಂಬ ಮಾತುಗಳಿಗೆ ನಾಟಕದ ಮುಖವಾಡ ಎಂಬ ಅರ್ಥವೂ ಇತ್ತು. ಆಫ್ರಿಕದ ಕಾರ್ಥೇಜಿನ ತೆರ್ತುಲಿಯನ್ ಲ್ಯಾಟಿನ್ನಿನಲ್ಲಿ ‘ತ್ರಿನಿತಾಸ್’ ಎಂಬ ಪದ ಬಳಕೆಗೆ ತಂದು, ಸತ್ವ ಒಂದು, ಪೆರ್ಸೋನಾ ಮೂರು ಎಂದು ಬರೆದಾಗ ಲ್ಯಾಟಿನ್ ಓದುಗರಿಗೆ ಹಿತವೆನಿಸಿತು. ಗ್ರೀಕರಿಗೆ ಅದರಲ್ಲಿ ಮುಖವಾಡದ ವಾಸನೆ ಹೊಡೆಯಿತು. ಮೂರನ್ನು ಒತ್ತಿ ಹೇಳಿದರೆ ಮೂರು ದೇವರು; ಒಂದನ್ನು ಒತ್ತಿ ಹೇಳಿದರೆ ತಂದೆಯೇ ಶಿಲುಬೆಗೆ ಏರಿದಂತಾಗುತ್ತದೆ. ಈ ಎರಡು ಹಳ್ಳಗಳ ನಡುವಿನ ಬದುವಿನ ಮೇಲೆ ನಡೆಯಲು ಅವರು ಹೆಣಗುತ್ತಿದ್ದರು.

324ರಲ್ಲಿ ಲಿಸಿನಿಯಸ್‌ನನ್ನು ಸೋಲಿಸಿ ಇಡೀ ಸಾಮ್ರಾಜ್ಯಕ್ಕೆ ಒಡೆಯನಾದ ಕಾನ್‌ಸ್ಟಂಟೈನ್‌ಗೆ ಈ ಜಗಳ ತಲುಪಿದಾಗ ಅದು ಕ್ಷುಲ್ಲಕವೆಂದು ಅನ್ನಿಸಿತು. ಸ್ಪೇನಿನ ಕೊರ್ದೋಬದ ಬಿಷಪ್ ಹೋಸಿಯಸ್‌ನ ಕೈಯಲ್ಲಿ ಪತ್ರ ಕೊಟ್ಟು, ಇಬ್ಬರೂ ರಾಜಿಯಾಗಿರಿ ಎಂದು ಬುದ್ಧಿ ಹೇಳಿ ಕಳಿಸಿದ. ಪತ್ರದಿಂದ ಕೆಲಸವಾಗಲಿಲ್ಲ. ಮರುವರ್ಷ, 325ರ ಬೇಸಿಗೆಯಲ್ಲಿ, ಇಂದಿನ ತುರ್ಕಿಯ ಇಜ್ನಿಕ್ ಎಂಬ ಕೆರೆದಂಡೆಯ ಊರಾದ ನೈಸಿಯಾಕ್ಕೆ ಬಿಷಪ್ಪರನ್ನೆಲ್ಲ ಕರೆಸಿದ. ಸರಕಾರಿ ಟಪಾಲಿನ ಬಂಡಿ, ಕುದುರೆಗಳಲ್ಲಿ ಅವರು ಬಂದರು. ಸಂಪ್ರದಾಯ ಹೇಳುವ ಲೆಕ್ಕ 318. ಸಭೆಯಲ್ಲಿದ್ದ ಪ್ಯಾಲೆಸ್ಟೈನಿನ ಬಿಷಪ್ ಯೂಸೇಬಿಯಸ್ ಕೊಡುವ ಲೆಕ್ಕ 250ಕ್ಕೆ ಮೇಲೆ. ಇಪ್ಪತ್ತು ವರ್ಷದ ಹಿಂದೆ ಡಯೋಕ್ಲೀಷಿಯನ್ ಕಾಲದಲ್ಲೂ ಆಮೇಲೂ ನಡೆದ ಹಿಂಸೆಯಲ್ಲಿ ಕಣ್ಣು ಕಳೆದುಕೊಂಡವರು, ಕೈ ಸುಟ್ಟುಕೊಂಡವರು ಆ ಗುಂಪಿನಲ್ಲಿದ್ದರು. ಅವರನ್ನು ಬೇಟೆಯಾಡಿದ್ದ ಅರಮನೆಯೇ ಈಗ ಅವರಿಗೆ ಪೀಠ ಹಾಕಿ ಕೂಡಿಸಿತ್ತು. ಆ ನಡುಮನೆಯಲ್ಲಿ ಕುಂತ ಮುದುಕರ ಮನಸ್ಸಿನಲ್ಲಿ ಏನೇನು ಹಾದುಹೋಗಿರಬಹುದು ಎಂದು ಯೋಚಿಸಿದರೆ ಇವತ್ತಿಗೂ ಮೈ ಝುಂ ಎನ್ನುತ್ತದೆ.

ಸಭೆ ಒಂದು ವಿಶ್ವಾಸ ಪ್ರಮಾಣ ಬರೆಯಿತು. ಅದರ ಮೊಳೆ ಒಂದೇ ಪದ: ‘ಹೋಮೊಊಸಿಯೊಸ್’. ಮಗ ತಂದೆಯ ಸತ್ವವೇ ಆದವನು, ಅದೇ ಇರವಿನವನು ಎಂದು ಅರ್ಥ. ಬೈಬಲಿನಲ್ಲಿ ಈ ಪದ ಎಲ್ಲೂ ಇಲ್ಲ. ಅದೂ ಸಾಲದೆಂದು, ಐವತ್ತು ಅರವತ್ತು ವರ್ಷದ ಹಿಂದೆ ಅಂತಿಯೋಕದ ಸಭೆಯೊಂದು ಬೇರೊಬ್ಬನ ವಿಚಾರಣೆಯಲ್ಲಿ ಇದೇ ಪದವನ್ನು ತಳ್ಳಿಹಾಕಿತ್ತು. ಆದರೂ ಅದನ್ನೇ ಆರಿಸಿಕೊಂಡರು, ಏಕೆಂದರೆ ಬೈಬಲಿನ ಬೇರೆ ಯಾವ ಮಾತು ಮುಂದಿಟ್ಟರೂ ಅರಿಯಸ್‌ನ ಕಡೆಯವರು ಅದಕ್ಕೆ ತಮ್ಮ ಅರ್ಥ ಹಚ್ಚಿ ಒಪ್ಪಿಬಿಡುತ್ತಿದ್ದರು. ಸಹಿ ಹಾಕಿದ ಯೂಸೇಬಿಯಸ್ ತನ್ನೂರಿನ ಸಭೆಗೆ ಉದ್ದದ ಪತ್ರ ಬರೆದು, ಯಾಕೆ ಹಾಕಿದೆನೆಂದು ವಿವರಿಸಬೇಕಾಯಿತು. ಕೊನೆಯವರೆಗೂ ಒಪ್ಪದವರು ಲಿಬಿಯಾ ಕಡೆಯ ಇಬ್ಬರು ಬಿಷಪ್ಪರು, ಥಿಯೋನಸ್ ಮತ್ತು ಸೆಕುಂಡಸ್. ಅರಿಯಸ್‌ನ ಜೊತೆ ಅವರೂ ಗಡೀಪಾರಾದರು. ಅವನ ಪುಸ್ತಕಗಳನ್ನು ಸುಡಬೇಕು, ಬಚ್ಚಿಟ್ಟವರಿಗೆ ಮರಣದಂಡನೆ ಎಂದು ದೊರೆಯ ಅಪ್ಪಣೆ ಆಯಿತು. ದೇವರ ಬಗ್ಗೆ ಒಂದು ವಾಕ್ಯ ಬರೆದದ್ದಕ್ಕೆ ಜೀವ ಹೋಗುವ ಕಾಲ ಅಲ್ಲಿಂದ ಶುರುವಾಯಿತು. ಈ ಸಭೆಯ ಉಳಿದ ಸಾಧನೆ ಏನೇ ಇರಲಿ, ಈ ಮಾತನ್ನು ಮರೆಮಾಚಲಾಗದು.

ಅಪ್ಪಣೆಯಿಂದ ಜಗಳ ಮುಗಿಯಲಿಲ್ಲ. ಮೂರು ವರ್ಷದೊಳಗೆ ಗಾಳಿ ತಿರುಗಿತು. 336ರಲ್ಲಿ ಅರಿಯಸ್ ತೀರಿಕೊಂಡ. ಮರುವರ್ಷ ಕಾನ್‌ಸ್ಟಂಟೈನ್ ಸಾಯುವ ಹಾಸಿಗೆಯಲ್ಲಿ ಸ್ನಾನದೀಕ್ಷೆ ಪಡೆದದ್ದು ಅರಿಯಸ್‌ಗೆ ಬೆನ್ನಾಗಿ ನಿಂತಿದ್ದ ನಿಕೊಮೀಡಿಯಾದ ಇನ್ನೊಬ್ಬ ಯೂಸೇಬಿಯಸ್‌ನ ಕೈಯಿಂದಲೇ. ಅತ್ತ ಅಲೆಕ್ಸಾಂಡ್ರಿಯಾದಲ್ಲಿ 328ರಲ್ಲಿ ಬಿಷಪ್ ಆದ ಅಥನೇಸಿಯಸ್ ನೈಸಿಯಾದ ಪದವನ್ನು ಹಿಡಿದು ಅಲುಗದೆ ನಿಂತ. ನಾಲ್ವರು ಚಕ್ರವರ್ತಿಗಳ ಕಾಲದಲ್ಲಿ ಐದು ಸಲ ಅವನನ್ನು ಊರು ಬಿಡಿಸಿದರು. 45 ವರ್ಷದ ಅಧಿಕಾರದಲ್ಲಿ 17 ವರ್ಷ ಅವನು ಕಳೆದದ್ದು ಹೊರಗೇ. ಮರುಭೂಮಿಯ ಸನ್ಯಾಸಿಗಳು ಅವನನ್ನು ಗುಡಿಸಲಿಂದ ಗುಡಿಸಲಿಗೆ ದಾಟಿಸಿ ಬಚ್ಚಿಟ್ಟರು.

ಈ ನಡುವೆ ಇನ್ನೊಂದು ಪದ ಹುಟ್ಟಿತು: ‘ಹೋಮೊಇಊಸಿಯೊಸ್’. ನಡುವೆ ಒಂದು ‘ಇ’ ಸೇರಿತು, ‘ಅದೇ ಸತ್ವ’ ಹೋಗಿ ‘ಅದರಂಥ ಸತ್ವ’ ಆಯಿತು. ಸತ್ವದ ಮಾತೇ ಬೇಡ, ಮಗ ತಂದೆಯಂತಿದ್ದಾನೆ ಎಂದರೆ ಸಾಕು ಎಂದವರೂ ಇದ್ದರು, ತಂದೆಯಂತೆ ಇಲ್ಲವೇ ಇಲ್ಲ ಎಂದವರೂ ಇದ್ದರು. 359ರಲ್ಲಿ ಪಶ್ಚಿಮಕ್ಕೊಂದು, ಪೂರ್ವಕ್ಕೊಂದು ಎಂದು ಎರಡು ಸಭೆ ಸೇರಿಸಿ, ದೊರೆ ಕಾನ್‌ಸ್ಟಾಂಟಿಯಸ್ ಒತ್ತಾಯದಿಂದ ಸಹಿ ಹಾಕಿಸಿದ. ಕಾನ್‌ಸ್ಟಾಂಟಿನೋಪಲ್ ಬೀದಿಗಳಲ್ಲಿ ಚಿಲ್ಲರೆ ಕೇಳಿದರೂ, ರೊಟ್ಟಿಯ ಬೆಲೆ ಕೇಳಿದರೂ, ಸ್ನಾನಕ್ಕೆ ನೀರು ಕಾದಿದೆಯೇ ಎಂದರೂ ತಂದೆ ಮಗನ ವಾದವೇ ಉತ್ತರವಾಗಿ ಬರುತ್ತದೆಂದು ನಿಸ್ಸಾದ ಬಿಷಪ್ ಗ್ರೆಗೊರಿ ಬೇಸರಪಟ್ಟುಕೊಂಡ. ಆಳಂದದ ಸಂತೆಯಲ್ಲಿ ತೊಗರಿಯ ದರ ಕೇಳಿದವನಿಗೆ ಅಂಗ ಲಿಂಗದ ಸಂಬಂಧ ವಿವರಿಸಿದ ಹಾಗೆ. ಬೇಸರದ ಮಾತಾದರೂ ಅದರಲ್ಲಿ ಒಂದು ಸಂಗತಿ ಎದ್ದು ಕಾಣುತ್ತದೆ: ಈ ವಾದ ಪಂಡಿತರ ಸೊತ್ತಾಗಿ ಉಳಿದಿರಲಿಲ್ಲ, ಅರಿಯಸ್‌ನ ಬೀಸುಕಲ್ಲಿನ ಹಾಡು ಅದನ್ನು ಬೀದಿಗೆ ಇಳಿಸಿತ್ತು.

ಇಷ್ಟೆಲ್ಲ ಗದ್ದಲದ ನಡುವೆ, 362ರಲ್ಲಿ, ಗಡೀಪಾರಿನಿಂದ ಮರಳಿದ ಅಥನೇಸಿಯಸ್ ಅಲೆಕ್ಸಾಂಡ್ರಿಯಾದಲ್ಲಿ ಸಣ್ಣದೊಂದು ಸಭೆ ಸೇರಿಸಿದ. ನೈಸಿಯಾಕ್ಕೆ ಸಿಕ್ಕ ಹೆಸರು ಅದಕ್ಕೆ ಸಿಗಲಿಲ್ಲ. ಆದರೆ ಇಡೀ ಚರಿತ್ರೆಯಲ್ಲಿ ಅತ್ಯಂತ ಮನುಷ್ಯಸಹಜವಾದ ಗಳಿಗೆ ಅದೇ. ಅಂತಿಯೋಕದಲ್ಲಿ ಎರಡು ಪಂಗಡಗಳು ಒಂದನ್ನೊಂದು ಧರ್ಮಭ್ರಷ್ಟ ಎಂದು ಬೈಯುತ್ತಿದ್ದವು. ಒಂದು ಪಂಗಡ ದೇವರಲ್ಲಿ ‘ಹೈಪೊಸ್ಟಾಸಿಸ್’ ಮೂರು ಎನ್ನುತ್ತಿತ್ತು, ಇನ್ನೊಂದು ಒಂದೇ ಎನ್ನುತ್ತಿತ್ತು. ಸಭೆ ಎರಡೂ ಕಡೆಯವರನ್ನು ಕೂಡಿಸಿ ಕೇಳಿತು: ಮೂರು ಎನ್ನುವ ನೀವು ಮೂರು ದೇವರು ಎನ್ನುತ್ತೀರಾ? ಇಲ್ಲ, ತಂದೆ, ಮಗ, ಆತ್ಮ ನಿಜವಾಗಿ ಇದ್ದಾರೆ, ಬರಿಯ ಹೆಸರಲ್ಲ ಎನ್ನುತ್ತೇವೆ. ಒಂದು ಎನ್ನುವ ನೀವು ಸಬೆಲ್ಲಿಯಸ್‌ನ ಹಾಗೆ ಮುಖವಾಡ ಎನ್ನುತ್ತೀರಾ? ಇಲ್ಲ, ಆ ಪದಕ್ಕೆ ನಾವು ಹಚ್ಚುವ ಅರ್ಥ ಸತ್ವ, ಸತ್ವ ಒಂದೇ ಎನ್ನುತ್ತೇವೆ. ಎರಡೂ ಕಡೆಯವರ ವಿಶ್ವಾಸ ಒಂದೇ ಆಗಿತ್ತು. ಜಗಳವಾಡಿದ್ದು ಪದದ ಮೇಲೆ. ನೈಸಿಯಾದ ಬರಹದಲ್ಲೇ ಊಸಿಯಾ, ಹೈಪೊಸ್ಟಾಸಿಸ್ ಎರಡನ್ನೂ ಒಂದೇ ಅರ್ಥದಲ್ಲಿ ಬಳಸಿದ್ದರಿಂದ ಈ ಗೊಂದಲ ಹುಟ್ಟಿತ್ತು. ಲ್ಯಾಟಿನ್ನಿಗೆ ಹೋಗುವಾಗ ಅದು ಇನ್ನೂ ಕಗ್ಗಂಟಾಯಿತು: ಹೈಪೊಸ್ಟಾಸಿಸ್ ಎಂಬುದನ್ನು ಅಕ್ಷರಶಃ ಲ್ಯಾಟಿನ್ ಮಾಡಿದರೆ ‘ಸುಬ್‌ಸ್ಟಾನ್ಶಿಯಾ’, ಎಂದರೆ ಸತ್ವ. ಗ್ರೀಕರು ಮೂರು ಎಂದರೆ ರೋಮಿನವರ ಕಿವಿಗೆ ಮೂರು ದೇವರು ಎಂದೇ ಬೀಳುತ್ತಿತ್ತು.

ಗಂಟು ಬಿಡಿಸಿದವರು ಕಪ್ಪದೋಕಿಯದ ಮೂವರು. ಸಿಸೇರಿಯದ ಬಸಿಲ್, ಅವನ ತಮ್ಮ ನಿಸ್ಸಾದ ಗ್ರೆಗೊರಿ, ಗೆಳೆಯ ನಜಿಯಾನ್ಸಸ್‌ನ ಗ್ರೆಗೊರಿ. ಊಸಿಯಾ ಒಂದು, ಹೈಪೊಸ್ಟಾಸಿಸ್ ಮೂರು ಎಂದು ಎರಡು ಪದಗಳ ನಡುವೆ ಗೆರೆ ಎಳೆದರು. ಅಬ್ಲಾಬಿಯಸ್ ಎಂಬವನು ಒಮ್ಮೆ ನೇರವಾಗಿ ಕೇಳಿದ: ಪೇತ್ರ, ಯಾಕೋಬ, ಯೋಹಾನ ಮೂವರಲ್ಲೂ ಇರುವ ಮನುಷ್ಯತ್ವ ಒಂದೇ, ಆದರೂ ಅವರನ್ನು ಮೂವರು ಮನುಷ್ಯರು ಎನ್ನುತ್ತೇವೆ, ಇಲ್ಲಿ ಮಾತ್ರ ಮೂವರು ದೇವರು ಎನ್ನಬಾರದೇಕೆ? ನಿಸ್ಸಾದ ಗ್ರೆಗೊರಿ ಕೊಟ್ಟ ಉತ್ತರದ ತಿರುಳು ಕ್ರಿಯೆಯಲ್ಲಿದೆ. ಮೂವರು ರೈತರು ಮೂರು ಹೊಲ ಉತ್ತರೆ ಅದು ಮೂರು ದುಡಿಮೆ. ದೇವರಲ್ಲಿ ಹಾಗಿಲ್ಲ, ಪ್ರತಿಯೊಂದು ಕ್ರಿಯೆಯೂ ತಂದೆಯಿಂದ ಹೊರಟು, ಮಗನ ಮೂಲಕ ಹರಿದು, ಆತ್ಮನಲ್ಲಿ ಪೂರ್ಣವಾಗುತ್ತದೆ, ಮೂರು ಕ್ರಿಯೆಗಳಾಗುವುದಿಲ್ಲ. ಪವಿತ್ರಾತ್ಮ ಬರಿಯ ಶಕ್ತಿಯೇ ಅಥವಾ ಪೂಜೆಗೆ ತಕ್ಕ ದೇವರೇ ಎಂಬ ಎರಡನೆಯ ಜಗಳಕ್ಕೂ ಬಸಿಲ್ ಒಂದು ಪುಸ್ತಕವನ್ನೇ ಬರೆದ. 380ರಲ್ಲಿ ದೊರೆ ಥಿಯೊಡೋಸಿಯಸ್ ಈ ವಿಶ್ವಾಸವನ್ನು ಸಾಮ್ರಾಜ್ಯದ ಕಾನೂನು ಮಾಡಿದ. 381ರಲ್ಲಿ ಕಾನ್‌ಸ್ಟಾಂಟಿನೋಪಲ್‌ನಲ್ಲಿ ಸೇರಿದ 150 ಬಿಷಪ್ಪರು ಅದನ್ನು ಸ್ಥಿರಪಡಿಸಿದರು. ಗಡಿಯಾಚೆಯ ಗೋಥರು ಮಾತ್ರ ಬಿಷಪ್ ಉಲ್ಫಿಲಾಸ್‌ನಿಂದ ಕಲಿತ ಅರಿಯಸ್‌ನ ಮತವನ್ನೇ ಹಿಡಿದುಕೊಂಡರು. ಸ್ಪೇನಿನ ಗೋಥ್ ದೊರೆ ಅದನ್ನು ಬಿಟ್ಟದ್ದು ಪ್ರಕಟವಾದದ್ದು 589ರಲ್ಲಿ.

ಭೀಮಾ ತೀರದ ಜನರಿಗೆ ಮೂರು ಒಂದಾಗುವ ಮಾತು ಹೊಸದಲ್ಲ. ಆಳಂದದ ನೆಲದಿಂದ ಹರಿಯುವ ಅಮರ್ಜಾ ಅಫಜಲಪುರ ತಾಲ್ಲೂಕಿನ ದೇವಲ ಗಾಣಗಾಪುರದಲ್ಲಿ ಭೀಮೆಯನ್ನು ಕೂಡುತ್ತದೆ. ಹುಣ್ಣಿಮೆ ಅಮಾವಾಸ್ಯೆಗೆ ಅಲ್ಲಿ ಸಂಗಮದಲ್ಲಿ ಮಿಂದು, ನಿರ್ಗುಣ ಪಾದುಕೆ ದರ್ಶನ ಪಡೆದು, ಮಧ್ಯಾಹ್ನ ಮಾಧುಕರಿ ಬೇಡುವ ಭಕ್ತರ ಸಾಲೇ ಸಾಲು. ಅಲ್ಲಿ ನೆಲೆಸಿದ್ದ ನರಸಿಂಹ ಸರಸ್ವತಿಯನ್ನು ದತ್ತಾತ್ರೇಯನ ಅವತಾರವೆಂದು ನಂಬುತ್ತಾರೆ. ಅವರ ಚರಿತ್ರೆಯಾದ ‘ಗುರುಚರಿತ್ರೆ’ಯನ್ನು ಮರಾಠಿಯಲ್ಲಿ ಬರೆದ ಸರಸ್ವತಿ ಗಂಗಾಧರನ ಮನೆಮಾತು ಕನ್ನಡ. ದತ್ತನಿಗೆ ಮೂರು ಮುಖ, ಆರು ಕೈ. ಬ್ರಹ್ಮ, ವಿಷ್ಣು, ಶಿವ ಮೂವರೂ ಒಂದೇ ಮೈಯಲ್ಲಿ. ಹಳೆಯ ಪುರಾಣಗಳಲ್ಲಿ ಮಾತ್ರ ಅತ್ರಿ ಅನಸೂಯೆಯರ ಮೂರು ಮಕ್ಕಳು ಬೇರೆ ಬೇರೆ: ಬ್ರಹ್ಮನ ಅಂಶ ಚಂದ್ರ, ವಿಷ್ಣುವಿನ ಅಂಶ ದತ್ತ, ಶಿವನ ಅಂಶ ದುರ್ವಾಸ. ಮೂವರು ಒಬ್ಬನಲ್ಲಿ ಕೂಡಿದ್ದು ಆಮೇಲೆ. ಇಲ್ಲಿಯೂ ಒಂದು ಕಲ್ಪನೆ ಶತಮಾನಗಳುದ್ದಕ್ಕೆ ಬೆಳೆಯಿತು. ಬೆಳೆದದ್ದು ಸಭೆಯ ಠರಾವಿನಿಂದಲ್ಲ, ಮೂರ್ತಿಯಲ್ಲಿ, ಪಾರಾಯಣದಲ್ಲಿ, ಹರಕೆಯಲ್ಲಿ.

ಹಾಗೆಂದು ತ್ರಿಮೂರ್ತಿಯೂ ಕ್ರೈಸ್ತರ ತ್ರಿತ್ವವೂ ಒಂದೇ ಎನ್ನುವುದು ಎರಡಕ್ಕೂ ಅನ್ಯಾಯ. ಸೃಷ್ಟಿ, ಸ್ಥಿತಿ, ಲಯ ಎಂದು ತ್ರಿಮೂರ್ತಿಗಳು ಕೆಲಸ ಹಂಚಿಕೊಂಡಿದ್ದಾರೆ. ಕ್ರಿಯೆ ಹಂಚಿಕೆಯಾಗುವುದಿಲ್ಲ ಎಂಬುದೇ ನಿಸ್ಸಾದ ಗ್ರೆಗೊರಿಯ ವಾದದ ಬುಡ. ಲಿಂಗಾಯತರ ಗುರು, ಲಿಂಗ, ಜಂಗಮ ಎಂಬ ಮಾತು ಕೆಲವು ಕಡೆ ಆ ತರ್ಕಕ್ಕೆ ಹತ್ತಿರ ಬರುತ್ತದೆ: ಹೆಸರು ಮೂರು, ವಸ್ತು ಒಂದು, ಒಂದನ್ನು ಅಲ್ಲಗಳೆದು ಇನ್ನೊಂದನ್ನು ಪೂಜಿಸಲಾಗದು. 17ನೇ ಶತಮಾನದಲ್ಲಿ ಜೇವರ್ಗಿಯ ಷಣ್ಮುಖ ಶಿವಯೋಗಿಗಳು ತಮ್ಮ ವಚನಗಳಿಗೆ ಇಟ್ಟುಕೊಂಡ ಅಂಕಿತ ‘ಅಖಂಡೇಶ್ವರ’. ತುಂಡಾಗದವನು, ಪಾಲಾಗದವನು. ಅಥನೇಸಿಯಸ್ ಜೀವಮಾನವಿಡೀ ಹಿಡಿದು ನಿಂತದ್ದು ಇಂಥದೊಂದು ಅರ್ಥದ ಪದವನ್ನೇ. ಇನ್ನು ಕಲಬುರಗಿಯ ಖ್ವಾಜಾ ಬಂದೇನವಾಜರು ದೇವರ ಏಕತ್ವವನ್ನು ಯಾವ ಮಾತಿನಲ್ಲಿ ಹೇಳಬೇಕೆಂಬ ವಿಷಯದಲ್ಲಿ ಸೂಫಿ ಇಬ್ನ್ ಅರಬಿಯ ತತ್ವವನ್ನು ಕಟುವಾಗಿ ವಿರೋಧಿಸಿದ್ದರು. ಇರುವುದೆಲ್ಲ ಒಂದೇ ಇರವು ಎಂದರೆ ಮಾಡಿದವನಿಗೂ ಮಾಡಿದ್ದಕ್ಕೂ ಭೇದ ಅಳಿಸಿಹೋಗುತ್ತದೆ ಎಂಬ ಆತಂಕ ಅವರದು.

ನೈಸಿಯಾದ ಪದಗಳು ಭಾರತದ ಕರಾವಳಿಗೆ ಬೇಗನೆ ಬಂದಿದ್ದವು, ಸಿರಿಯಾಕ್ ಭಾಷೆಯಲ್ಲಿ. ಪರ್ಷಿಯಾದ ಧರ್ಮಸಭೆ 410ರಲ್ಲಿ ನೈಸಿಯಾದ ಪ್ರಮಾಣವನ್ನು ಒಪ್ಪಿಕೊಂಡಿತ್ತು. ಆರನೆಯ ಶತಮಾನದ ನಡುವಿನಲ್ಲಿ ವ್ಯಾಪಾರಿ ಕೊಸ್ಮಾಸ್, ಕಲ್ಲಿಯಾನ ಎಂಬ ಊರಿನಲ್ಲಿ ಪರ್ಷಿಯಾದಲ್ಲಿ ದೀಕ್ಷೆ ಪಡೆದ ಬಿಷಪ್ ಇದ್ದಾನೆಂದು ಬರೆದ. ಅದು ಆಳಂದದ ನೆರೆಯ ಬಸವಕಲ್ಯಾಣವಲ್ಲ. ಮುಂಬೈ ಬಳಿಯ ಕಲ್ಯಾಣ ಎಂದು ಕೆಲವು ವಿದ್ವಾಂಸರು, ಉಡುಪಿ ಬಳಿಯ ಕಲ್ಯಾಣಪುರ ಎಂದು ಕೆಲವರು ಹೇಳುತ್ತಾರೆ. ಮುಂದೆ ಆದಿಲಶಾಹಿ ಕಾಲದಿಂದ ರಾಯಚೂರು ಸೀಮೆಯ ಮುದಗಲ್ಲಿನಲ್ಲಿ ಕ್ಯಾಥೊಲಿಕರು ನೆಲೆ ನಿಂತರು. 1810ರಲ್ಲಿ ಬಳ್ಳಾರಿಗೆ ಬಂದ ಲಂಡನ್ ಮಿಶನ್ನಿನ ಜಾನ್ ಹ್ಯಾಂಡ್ಸ್ ಕನ್ನಡ ಕಲಿತು ಬೈಬಲ್ ಅನುವಾದಕ್ಕೆ ಕೂತ. ಇಡೀ ಬೈಬಲ್ ಕನ್ನಡದಲ್ಲಿ ಅಚ್ಚಾಗಿ ಮುಗಿದದ್ದು 1831ರಲ್ಲಿ. 1834ರಲ್ಲಿ ಮಂಗಳೂರಿಗೆ, 1837ರಲ್ಲಿ ಧಾರವಾಡಕ್ಕೆ ಬಾಸೆಲ್ ಮಿಶನ್ ಬಂತು.

ಈಗ ಕನ್ನಡದ ಸರದಿ. ಗ್ರೀಕರೂ ಲ್ಯಾಟಿನರೂ ಬಿದ್ದ ಹಳ್ಳಗಳೇ ಇಲ್ಲಿಯೂ ಕಾದಿದ್ದವು. ಕೈಗೆ ಸಿಗುವಂತಿದ್ದ ‘ತ್ರಿಮೂರ್ತಿ’ ಎಂಬ ಪದಕ್ಕೆ ಆಗಲೇ ಒಡೆಯರಿದ್ದರು. ಕನ್ನಡ ಕ್ರೈಸ್ತರಲ್ಲಿ ನೆಲೆಯಾದದ್ದು ‘ತ್ರಿತ್ವ’, ‘ತ್ರಿಯೇಕ ದೇವರು’ ಎಂಬ ಮಾತುಗಳು. ಹೈಪೊಸ್ಟಾಸಿಸ್‌ಗೆ ‘ವ್ಯಕ್ತಿ’ ಬಂತು. ಇಂದಿನ ಕನ್ನಡದಲ್ಲಿ ವ್ಯಕ್ತಿ ಎಂದರೆ ಒಬ್ಬ ಮನುಷ್ಯ, ಹಾಗಾಗಿ ಮೂರು ವ್ಯಕ್ತಿಗಳು ಎಂದರೆ ಮೂವರು ಬೇರೆ ಬೇರೆ ಜನ ಎನಿಸುತ್ತದೆ. ಸಂಸ್ಕೃತದ ಮೂಲದಲ್ಲಿ ವ್ಯಕ್ತಿ ಎಂದರೆ ಕಾಣಿಸಿಕೊಳ್ಳುವುದು, ವ್ಯಕ್ತವಾಗುವುದು. ಹಾಗೆ ಕೇಳಿದರೆ ಅದು ಸಬೆಲ್ಲಿಯಸ್‌ನ ವೇಷಕ್ಕೆ ಸಮೀಪ. 362ರ ಅಲೆಕ್ಸಾಂಡ್ರಿಯಾ ಸಭೆಯಲ್ಲಿ ಎರಡು ಪಂಗಡಗಳು ಒಂದರ ಮೇಲೊಂದು ಹೊರಿಸಿದ್ದ ಎರಡು ಅರ್ಥಗಳೂ ಈ ಒಂದೇ ಕನ್ನಡ ಪದದೊಳಗೆ ಅಕ್ಕಪಕ್ಕ ಕುಂತಿವೆ.

ಪವಿತ್ರಾತ್ಮನ ಜಗಳವನ್ನು ಕನ್ನಡ ತೀರಿಸಿದ್ದು ಒಂದು ಪ್ರತ್ಯಯದಲ್ಲಿ. ಗ್ರೀಕಿನ ‘ಪ್ನೆವ್ಮಾ’ ನಪುಂಸಕ, ಸಿರಿಯಾಕಿನ ‘ರೂಹಾ’ ಸ್ತ್ರೀಲಿಂಗ, ಲ್ಯಾಟಿನ್ನಿನ ‘ಸ್ಪಿರಿತುಸ್’ ಪುಲ್ಲಿಂಗ. ಕನ್ನಡದಲ್ಲಿ ಮನುಷ್ಯನ ಆತ್ಮ ‘ಆತ್ಮವು’. ಆದರೆ ಪರಮಾತ್ಮ ‘ಪರಮಾತ್ಮನು’. ಬೈಬಲಿನ ಕನ್ನಡ ‘ಪವಿತ್ರಾತ್ಮನು’ ಎಂದಿತು. ‘ವು’ ಎಂದಿದ್ದರೆ ಅದೊಂದು ಶಕ್ತಿ, ‘ನು’ ಎಂದದ್ದರಿಂದ ಅವನೊಬ್ಬ ದೇವರು. ಬಸಿಲ್ ಒಂದು ಪುಸ್ತಕ ಬರೆದು ಸಾಧಿಸಿದ್ದನ್ನು ಕನ್ನಡ ವಿಭಕ್ತಿ ಒಂದಕ್ಷರದಲ್ಲಿ ಹೇಳಿಬಿಟ್ಟಿದೆ.

‘ದೇವರು’ ಎಂಬ ಪದ ಇನ್ನೂ ವಿಶೇಷ. ರೂಪದಲ್ಲಿ ಅದು ಬಹುವಚನ. ಗೌರವಕ್ಕೆ ಬಂದ ‘ಅರ್’ ಅದರ ಬಾಲದಲ್ಲಿದೆ. ಅರ್ಥದಲ್ಲಿ ಏಕವಚನ. ಹಳೆಯ ಕನ್ನಡ ಬೈಬಲ್ ದೇವರು ಎಂದು ಬರೆದು ಕ್ರಿಯಾಪದಕ್ಕೆ ‘ಉಂಟುಮಾಡಿದನು’ ಎಂಬಂತೆ ಏಕವಚನ ಹಚ್ಚುತ್ತದೆ. ಕರ್ತೃವಿನಲ್ಲಿ ‘ಅರು’, ಕ್ರಿಯೆಯಲ್ಲಿ ‘ಅನು’. ಅನುವಾದಕರು ಇದನ್ನು ನೈಸಿಯಾದ ತತ್ವಕ್ಕಾಗಿ ಹೊಸದಾಗಿ ಹುಟ್ಟಿಸಬೇಕಾಗಿರಲಿಲ್ಲ. ಕಲಬುರಗಿ ಸೀಮೆಯಲ್ಲಿ ಇಂದಿಗೂ ಮಳೆ ಕೈಕೊಟ್ಟಾಗ ಮುದುಕಿಯೊಬ್ಬಳು ಆಕಾಶ ನೋಡಿ, “ದೇವ್ರು ಅದಾನ” ಎನ್ನುತ್ತಾಳೆ. ಪದ ಬಹುವಚನ, ಇರುವವನು ಒಬ್ಬ.